ಭಾರತದ ಮುಖ್ಯ ನ್ಯಾಯಮೂರ್ತಿ ಪದವಿ

ಭಾರತೀಯ ನ್ಯಾಯಾಂಗದ ಈ ಅತ್ಯುನ್ನತ ಪದವಿಯ ಮೂಲವು, 1935ರ ಭಾರತ ಸರ್ಕಾರ ಅಧಿನಿಯಮಾನುಸಾರವಾಗಿ 1937ರ ಅಕ್ಟೋಬರ್ 1ರಂದು ದೆಹಲಿಯಲ್ಲಿ ಸ್ಥಾಪಿತವಾದ ಫೆಡರಲ್ ನ್ಯಾಯಾಲಯದಲ್ಲಿದೆ. ಅದರ ಪ್ರಥಮ ಮುಖ್ಯ ನ್ಯಾಯಮೂರ್ತಿ ಸರ್ ಮಾರಿಸ್ ಗ್ವಯರ್ ಆ ಅಧಿನಿಯಮದ ರಚನೆಯಲ್ಲಿಯೇ ಪಾಲ್ಗೊಂಡಿದ್ದವರಾದುದರಿಂದ, ತಾವು ಬರೆದ ಶಾಸನಕ್ಕೆ ತಾವೇ ಭಾಷ್ಯಕಾರರಾಗುವ ವಿರಳ ಯೋಗ ಅವರದಾಯಿತು. ಆದರೆ ಅಂತಿಮ ಮೇಲ್ಮನವಿ ಲಂಡನ್ನಿನ ಪ್ರಿವಿ ಕೌನ್ಸಿಲಿಗೆ ಸಲ್ಲುತ್ತಿದ್ದುದರಿಂದ ಪದವಿಯ ಅಧಿಕಾರ ಪರಿಮಿತವಾಗಿತ್ತು. 1947ರ ಆಗಸ್ಟಿನಲ್ಲಿ ಭಾರತೀಯರಲ್ಲಿ ಮೊದಲಿಗರಾಗಿ ಆ ಸ್ಥಾನವನ್ನೇರಿದ ಹರಿಲಾಲ್ ಕಾನಿಯಾ, 1950ರಲ್ಲಿ ಸರ್ವೋಚ್ಚ ನ್ಯಾಯಾಲಯದ ಪ್ರಥಮ ಮುಖ್ಯ ನ್ಯಾಯಮೂರ್ತಿಯಾದರು.

ನ್ಯಾಯಾಧೀಶರ ಅರ್ಹತೆಯನ್ನೂ ಅರವತ್ತೈದು ವರ್ಷಗಳ ನಿವೃತ್ತಿ ವಯಸ್ಸನ್ನೂ ವಿಧಿಸಿದ ಸಂವಿಧಾನವು, ಅವರೊಳಗೆ ಮುಖ್ಯಸ್ಥನಾಗತಕ್ಕವನು ಯಾರೆಂಬ ವಿಷಯದಲ್ಲಿ ಮೌನವಾಗಿದೆ. ಅಧಿಕಾರದಲ್ಲಿರುವಾಗಲೇ 1951ರ ನವೆಂಬರಿನಲ್ಲಿ ಕಾನಿಯಾ ನಿಧನರಾದಾಗ ಸೇವೆಯಲ್ಲಿ ಹಿರಿಯರಾದ ಪತಂಜಲಿ ಶಾಸ್ತ್ರಿಗಳು ನೇಮಕಗೊಂಡರು. ಜ್ಯೇಷ್ಠತೆಯ ಸಂಪ್ರದಾಯ ಬೇರೂರಿತು. ಇದರ ಫಲವಾಗಿ ಪದವಿಯ ಅವಧಿಯನ್ನು ಪಾಂಡಿತ್ಯಕ್ಕಿಂತ ಜನ್ಮದಿನಾಂಕವೇ ನಿರ್ಣಯಿಸುವಂತಾಯಿತು: ವೈ. ವಿ. ಚಂದ್ರಚೂಡರು ಏಳು ವರ್ಷಗಳಿಗೂ ಮಿಗಿಲಾಗಿ ಪೀಠದಲ್ಲಿದ್ದರೆ, 1991ರಲ್ಲಿ ಕಮಲ್ ನಾರಾಯಣ್ ಸಿಂಗ್ ಅವರಿಗೆ ಮೂರು ವಾರಗಳೂ ದೊರೆಯಲಿಲ್ಲ.

ಸಂಪ್ರದಾಯದ ಬೆಲೆ ತಿಳಿದುಬಂದುದು ಅದು ಮುರಿದಾಗಲೇ. ಸಂವಿಧಾನದ ಮೂಲಸ್ವರೂಪವನ್ನು ಸಂಸತ್ತು ತಿದ್ದುಪಡಿಯಿಂದಲೂ ಕೆಡಿಸಲಾಗದೆಂದು, ಎಡನೀರು ಮಠಾಧೀಶ ಕೇಶವಾನಂದ ಭಾರತಿಗಳ ಮೊಕದ್ದಮೆಯಲ್ಲಿ ಹದಿಮೂವರ ಪೀಠವು ಏಳು–ಆರರ ಅಲ್ಪ ಬಹುಮತದಿಂದ 1973ರ ಏಪ್ರಿಲ್ 24ರಂದು ತೀರ್ಪಿತ್ತ ಮರುದಿನವೇ, ಆ ಬಹುಮತದಲ್ಲಿದ್ದ ಶೇಲತ್, ಕನ್ನಡಿಗರಾದ ಕೆ. ಎಸ್. ಹೆಗ್ಡೆ ಮತ್ತು ಗ್ರೋವರ್ ಈ ಮೂವರು ಹಿರಿಯರನ್ನು ಅತಿಕ್ರಮಿಸಿ, ಅಲ್ಪಮತದಲ್ಲಿದ್ದ ಎ. ಎನ್. ರಾಯ್ ಅವರನ್ನು ಸರ್ಕಾರ ಆರಿಸಿತು. ಮೂವರೂ ರಾಜೀನಾಮೆಯಿತ್ತರು, ಹೆಗ್ಡೆಯವರು ಮುಂದೆ ಲೋಕಸಭಾಧ್ಯಕ್ಷರಾದರು. ತುರ್ತುಪರಿಸ್ಥಿತಿಯಲ್ಲಿ ವ್ಯಕ್ತಿಸ್ವಾತಂತ್ರ್ಯದ ಪರವಾಗಿ ಏಕಾಕಿಯಾಗಿ ಭಿನ್ನಮತ ಬರೆದ ಎಚ್. ಆರ್. ಖನ್ನಾ ಅವರಿಗೂ 1977ರಲ್ಲಿ ಅದೇ ಗತಿಯಾಯಿತು. ಮುಖ್ಯ ನ್ಯಾಯಮೂರ್ತಿಯಾಗದೆಯೇ ಆ ಪದವಿಯ ಇತಿಹಾಸದಲ್ಲಿ ಅದನ್ನು ಅಲಂಕರಿಸಿದ ಅನೇಕರಿಗಿಂತ ಹಿರಿದಾದ ಸ್ಥಾನ ಖನ್ನಾ ಅವರದೆಂದರೆ ಅತಿಶಯೋಕ್ತಿಯಾಗದು.

ತೀರ್ಪಿನ ಸಮಯದಲ್ಲಿ ಮುಖ್ಯ ನ್ಯಾಯಮೂರ್ತಿಯ ಮತ ಇತರರ ಮತಕ್ಕೆ ಸಮಾನವೇ. ಯಾವ ಮೊಕದ್ದಮೆ ಯಾವ ಪೀಠದ ಮುಂದೆ ಬರಬೇಕೆಂದು ಗೊತ್ತುಪಡಿಸುವ ಆಡಳಿತಾಧಿಕಾರವೇ ಅವರ ನಿಜವಾದ ಬಲ. ರಾಷ್ಟ್ರಪತಿಗೆ ಪ್ರಮಾಣವಚನ ಬೋಧಿಸುವವರೂ ಅವರೇ. 1969ರಲ್ಲಿ ಹಿದಾಯತುಲ್ಲಾ ಕೆಲಕಾಲ ಹಂಗಾಮಿ ರಾಷ್ಟ್ರಪತಿಯೂ ಆಗಿದ್ದರು. ನ್ಯಾಯಾಧೀಶರ ನೇಮಕದಲ್ಲಿ ಮುಖ್ಯ ನ್ಯಾಯಮೂರ್ತಿ ಮತ್ತು ಹಿರಿಯ ಸಹೋದ್ಯೋಗಿಗಳ ಅಭಿಪ್ರಾಯಕ್ಕೆ ಪ್ರಾಧಾನ್ಯ ನೀಡಿದ 1993ರ ತೀರ್ಪು ಹೊರಬಿದ್ದಾಗ ಮುಖ್ಯ ನ್ಯಾಯಮೂರ್ತಿಯಾಗಿದ್ದವರು ಕರ್ನಾಟಕದ ಎಂ. ಎನ್. ವೆಂಕಟಾಚಲಯ್ಯನವರು. ಈ ಕೊಲಿಜಿಯಂ ಪದ್ಧತಿಗೆ ಬದಲಾಗಿ ಸಂಸತ್ತು ರಚಿಸಿದ ನೇಮಕಾತಿ ಆಯೋಗವನ್ನು ನ್ಯಾಯಾಲಯವು 2015ರಲ್ಲಿ ಅಸಿಂಧುಗೊಳಿಸಿತು.