ಸ್ವರ ಬಿಟ್ಟ ಗೆರೆಗಳು

ಕ, ಚ, ಟ, ತ, ಪ ಎಂದು ನಾವೆಲ್ಲ ಒಂದನೆಯ ತರಗತಿಯಲ್ಲಿ ರಾಗವಾಗಿ ಹೇಳಿದ ವರ್ಗಗಳನ್ನು ಒಮ್ಮೆ ಕೊನೆಯಿಂದ ಮೊದಲಿಗೆ ಹೇಳಿ ನೋಡಿ. ಪ, ತ, ಟ, ಚ, ಕ. ನಮ್ಮ ‘ತ’ ಇಂಗ್ಲಿಷಿನವರ ನಾಲಿಗೆಗೆ ಬರುವುದಿಲ್ಲ, ಅದನ್ನು ಬಿಟ್ಟುಬಿಡಿ. ಉಳಿದದ್ದೇ ಪಿಟ್‌ಮನ್ನನ ಶಾರ್ಟ್‌ಹ್ಯಾಂಡ್ ಪುಸ್ತಕದ ಮೊದಲ ಪಾಠ. ಪೀ, ಬೀ, ಟೀ, ಡೀ, ಚೇ, ಜೇ, ಕೇ, ಗೇ. ಮಹಡಿಯ ಮೇಲಿನ ಟೈಪಿಂಗ್ ಇನ್‌ಸ್ಟಿಟ್ಯೂಟಿನಲ್ಲಿ, ಪಕ್ಕದ ಕೋಣೆಯ ಹತ್ತಾರು ಯಂತ್ರಗಳ ಟಕಟಕ ಸದ್ದಿನ ನಡುವೆ ಇದನ್ನು ಬಾಯಿಪಾಠ ಮಾಡಿದ ಹೆಂಗಸರು ಈ ಪುಟ ಓದುವವರಲ್ಲೂ ಇದ್ದಾರೆಂದು ನನಗೆ ಗೊತ್ತು.

ನಮ್ಮ ವರ್ಣಮಾಲೆ ಗಂಟಲಿನಿಂದ ಹೊರಟು ತುಟಿಗೆ ಬಂದು ನಿಲ್ಲುತ್ತದೆ. ಪಿಟ್‌ಮನ್ನನದು ತುಟಿಯಿಂದ ಹೊರಟು ಒಳಗೆ ಹೋಗುತ್ತದೆ. ದಾರಿ ಒಂದೇ, ನಡೆಯುವ ದಿಕ್ಕು ಬೇರೆ. ಇದನ್ನು ಕೇಳಿದ ಕೂಡಲೇ ‘ನೋಡಿ, ನಮ್ಮಿಂದಲೇ ಕದ್ದದ್ದು’ ಎನ್ನುವವರು ಇದ್ದೇ ಇರುತ್ತಾರೆ. ನಾನು ಆ ಮಾತಿಗೆ ಹೋಗುವುದಿಲ್ಲ. ಬಾಯಿ ಎಲ್ಲರಿಗೂ ಒಂದೇ ತೆರನಾಗಿದೆ. ಗಮನವಿಟ್ಟು ಕೇಳಿಸಿಕೊಂಡವನು ಯಾವ ದೇಶದವನಾದರೂ ತುಟಿ, ಹಲ್ಲು, ಅಂಗುಳು, ಗಂಟಲು ಎಂದೇ ಲೆಕ್ಕ ಹಾಕಿಯಾನು.

ಐಸಾಕ್ ಪಿಟ್‌ಮನ್ ಹುಟ್ಟಿದ್ದು 1813ರಲ್ಲಿ, ಇಂಗ್ಲೆಂಡಿನ ಟ್ರೋಬ್ರಿಜ್ ಎಂಬ ಊರಿನಲ್ಲಿ. ವೃತ್ತಿಯಿಂದ ಶಾಲಾ ಮೇಷ್ಟ್ರು. ಅವನಿಗೂ ಮೊದಲು ಇಂಗ್ಲೆಂಡಿನಲ್ಲಿ ಶೀಘ್ರಲಿಪಿಗಳಿಗೆ ಬರವಿರಲಿಲ್ಲ. ಕಾದಂಬರಿಕಾರ ಡಿಕನ್ಸ್ ಚಿಕ್ಕ ವಯಸ್ಸಿನಲ್ಲಿ ವರದಿಗಾರನ ಕೆಲಸಕ್ಕೆಂದು ಗರ್ನಿ ಪದ್ಧತಿಯನ್ನು ಕಲಿತಿದ್ದ. ಪಿಟ್‌ಮನ್ ತಾನೇ ಮೊದಲು ಕಲಿತದ್ದು ಟೇಲರ್ ಎಂಬುವನ ಪದ್ಧತಿಯನ್ನು. ಆದರೆ ಆ ಹಳೆಯ ಪದ್ಧತಿಗಳು ಬಹುಮಟ್ಟಿಗೆ ಇಂಗ್ಲಿಷಿನ ಸ್ಪೆಲಿಂಗಿಗೇ ಅಂಟಿಕೊಂಡಿದ್ದವು. ಇಂಗ್ಲಿಷ್ ಸ್ಪೆಲಿಂಗಿನ ಸಂಗತಿ ನಿಮಗೇ ಗೊತ್ತು. ದೋ, ಟಫ್, ಕಾಫ್, ಥ್ರೂ ಎಂಬ ನಾಲ್ಕು ಮಾತುಗಳಿಗೂ ಒಂದೇ ಬಾಲ, ಹೇಳುವುದು ಮಾತ್ರ ನಾಲ್ಕು ಬಗೆ. ಮಕ್ಕಳಿಗೆ ಪಾಠ ಹೇಳಿಕೊಡುವಾಗ ಈ ಬಾಲಕ್ಕೆ ಬೈಯದ ತಾಯಿ ನಮ್ಮ ಕಡೆ ಯಾರಿದ್ದಾರೆ? ಪಿಟ್‌ಮನ್ ಸ್ಪೆಲಿಂಗನ್ನು ಪಕ್ಕಕ್ಕಿಟ್ಟ. ಕಿವಿಗೆ ಏನು ಬಿತ್ತೋ ಅದಕ್ಕಷ್ಟೇ ಒಂದು ಗೆರೆ. 1837ರಲ್ಲಿ ನಾಲ್ಕು ಪೆನ್ನಿ ಬೆಲೆಯ ಪುಟ್ಟ ಪುಸ್ತಕವಾಗಿ ಅದು ಹೊರಬಂತು. 1840ರಲ್ಲಿ ಇಂಗ್ಲೆಂಡಿನಲ್ಲಿ ಒಂದು ಪೆನ್ನಿಯ ಅಂಚೆ ಶುರುವಾದಾಗ ಮೇಷ್ಟ್ರು ಅದನ್ನೂ ಬಿಡಲಿಲ್ಲ. ಅಂಚೆಯಲ್ಲೇ ಪಾಠ, ಅಂಚೆಯಲ್ಲೇ ತಿದ್ದುಪಡಿ. ಈಗಿನ ಅಂಚೆ ಶಿಕ್ಷಣದ ಆದಿಯನ್ನು ಹುಡುಕುವವರು ಹಲವು ಸಲ ಅವನ ಮನೆಯ ಬಾಗಿಲಿಗೇ ಬರುತ್ತಾರೆ. 1894ರಲ್ಲಿ ಅವನಿಗೆ ಸರ್ ಪದವಿ ಸಿಕ್ಕಿತು, 1897ರಲ್ಲಿ ತೀರಿಕೊಂಡ.

ಅವನ ಜಾಣತನ ಇರುವುದು ಜೋಡಿಗಳಲ್ಲಿ. ಪ ಮತ್ತು ಬ ಎರಡಕ್ಕೂ ತುಟಿ ಮಾಡುವ ಕೆಲಸ ಒಂದೇ, ಬ ಹೇಳುವಾಗ ಗಂಟಲು ನಡುಗುತ್ತದೆ, ಅಷ್ಟೇ ವ್ಯತ್ಯಾಸ. ಆದ್ದರಿಂದ ಗೆರೆಯೂ ಒಂದೇ. ತೆಳುವಾಗಿ ಎಳೆದರೆ ಪ, ಒತ್ತಿ ಎಳೆದರೆ ಬ. ನೆಟ್ಟಗೆ ಇಳಿದ ತೆಳು ಗೆರೆ ಟ, ದಪ್ಪ ಗೆರೆ ಡ. ಅಡ್ಡಗೆರೆ ತೆಳುವಾದರೆ ಕ, ದಪ್ಪವಾದರೆ ಗ. ನಮ್ಮ ವರ್ಗದ ಒಂದನೆಯ ಅಕ್ಷರ, ಮೂರನೆಯ ಅಕ್ಷರ ಎಂದು ವ್ಯಾಕರಣದ ಮೇಷ್ಟ್ರು ಕಲಿಸಿದ್ದನ್ನೇ ಪೆನ್ಸಿಲಿನ ಒತ್ತಿನಲ್ಲಿ ಕಾಣಬಹುದಾಗಿತ್ತು. ಬಾಲ್‌ಪೆನ್ನಿನಲ್ಲಿ ಈ ದಪ್ಪ ತೆಳು ಬರುವುದಿಲ್ಲ. ಅದಕ್ಕೇ ನಾವೆಲ್ಲ ಎರಡೂ ತುದಿ ಕೆತ್ತಿದ ಪೆನ್ಸಿಲ್ ಇಟ್ಟುಕೊಳ್ಳುತ್ತಿದ್ದೆವು, ಒಂದು ಮೊಂಡಾದರೆ ತಿರುಗಿಸಿ ಹಿಡಿಯಲು. (ಅಮೆರಿಕದಲ್ಲಿ ಹೆಚ್ಚು ಹಬ್ಬಿದ ಗ್ರೆಗ್ ಪದ್ಧತಿ 1888ರದು. ಅದರಲ್ಲಿ ದಪ್ಪ ತೆಳುವಿನ ರಗಳೆಯೇ ಇಲ್ಲ. ನಮ್ಮೂರಿಗೆ ಮಾತ್ರ ಬಂದದ್ದು ಪಿಟ್‌ಮನ್ನನೇ.)

ಇನ್ನು ಸ್ವರಗಳು. ಅವಕ್ಕೆ ಗೆರೆಯಿಲ್ಲ. ವ್ಯಂಜನದ ಗೆರೆಯ ಪಕ್ಕ ಇಡುವ ಒಂದು ಚುಕ್ಕಿ ಅಥವಾ ಒಂದು ಚಿಕ್ಕ ಅಡ್ಡಕಡ್ಡಿ, ಅಷ್ಟೇ. ನಮ್ಮ ಕಾಗುಣಿತದಲ್ಲಿ ಸ್ವರವು ವ್ಯಂಜನವನ್ನು ಅಪ್ಪಿಕೊಂಡೇ ಇರುತ್ತದೆ. ‘ಕಿ’ ಬರೆದು ಗುಡಿಸನ್ನು ಆಮೇಲೆ ನೋಡೋಣ ಎನ್ನಲಾಗುವುದಿಲ್ಲ. ಪಿಟ್‌ಮನ್ನನಲ್ಲಿ ಹಾಗೆ ಎನ್ನಬಹುದು. ಅವಸರದಲ್ಲಿ ಎಲ್ಲರೂ ಹಾಗೆಯೇ ಎನ್ನುತ್ತಾರೆ. ಮಾತು ನಿಮಿಷಕ್ಕೆ ನೂರಿಪ್ಪತ್ತು ಪದದ ವೇಗದಲ್ಲಿ ಓಡುವಾಗ ಚುಕ್ಕಿ ಇಡುತ್ತ ಕೂರಲು ಪುರುಸೊತ್ತು ಎಲ್ಲಿಯದು? ಆದ್ದರಿಂದ ಇನ್ನೊಂದು ಉಪಾಯ. ಪದದ ಮೊದಲ ಸ್ವರ ಯಾವುದೋ ಅದರ ಪ್ರಕಾರ ಇಡೀ ಗೆರೆಯನ್ನು ಕಾಗದದ ರೂಲಿನ ಮೇಲುಗಡೆ, ಅಥವಾ ರೂಲಿಗೆ ತಾಗಿಸಿ, ಅಥವಾ ರೂಲನ್ನು ಕತ್ತರಿಸುವಂತೆ ಬರೆಯುವುದು. ಬೆನ್ನು ಎಂಬ ಅರ್ಥದ ‘ಬ್ಯಾಕ್’ ರೂಲಿನ ಮೇಲೆ ತೇಲುತ್ತದೆ. ಒಲೆಯಲ್ಲಿ ರೊಟ್ಟಿ ಬೇಯಿಸುವ ‘ಬೇಕ್’ ರೂಲಿನ ಮೇಲೆ ಕೂರುತ್ತದೆ. ಹಕ್ಕಿಯ ಕೊಕ್ಕಾದ ‘ಬೀಕ್’ ರೂಲನ್ನು ಕತ್ತರಿಸುತ್ತದೆ. ಗಂಡು ಜಿಂಕೆಯಾದ ‘ಬಕ್’? ಅದೂ ‘ಬೇಕ್’ ಇರುವ ಎತ್ತರದಲ್ಲೇ. ಎತ್ತರ ಮೂರೇ, ಸ್ವರ ಹನ್ನೆರಡು. ಒಂದೊಂದು ಮನೆಯಲ್ಲಿ ನಾಲ್ಕು ನಾಲ್ಕು ಸಂಸಾರ. ರೊಟ್ಟಿಯೋ ಜಿಂಕೆಯೋ ಎಂಬುದನ್ನು ಆಚೀಚೆಯ ಮಾತು ನೋಡಿಕೊಂಡು ಊಹಿಸಬೇಕು. ‘ಬಿಸಿಯಿರುವಾಗಲೇ ಟೈಪು ಮಾಡಿ’ ಎಂದು ನಮ್ಮ ಮೇಷ್ಟ್ರು ದಿನಾ ಹೇಳುತ್ತಿದ್ದರು. ಹೇಳಿದವರ ದನಿ ಕಿವಿಯಲ್ಲಿ ಇರುವವರೆಗೆ ಆ ಗೆರೆಗಳು ಅಕ್ಷರ. ದನಿ ಮರೆತ ಮೇಲೆ ಅವು ಬರೀ ಗೆರೆ.

ಗೆರೆಗಳು ಬೇರೆಯವರಿಗೆ ಅರ್ಥವಾಗದಿರುವುದೇ ಕೆಲವರಿಗೆ ಬೇಕಾಗಿರುತ್ತದೆ. ಹದಿನೇಳನೆಯ ಶತಮಾನದ ಲಂಡನ್ನಿನ ಸ್ಯಾಮ್ಯುಯೆಲ್ ಪೀಪ್ಸ್ ಎಂಬ ನೌಕಾಪಡೆಯ ಅಧಿಕಾರಿ 1660ರಿಂದ 1669ರವರೆಗೆ ಒಂದು ದಿನಚರಿ ಬರೆದಿಟ್ಟ. ಪ್ಲೇಗು ಬಂದದ್ದು, ಊರು ಸುಟ್ಟದ್ದು, ತನ್ನ ಗುಟ್ಟಿನ ಚಪಲಗಳು, ಎಲ್ಲವೂ ಅದರಲ್ಲಿವೆ. ಬರೆದದ್ದು ಶೆಲ್ಟನ್ ಎಂಬುವನ ಶೀಘ್ರಲಿಪಿಯಲ್ಲಿ. ಅವನು ಸತ್ತು ನೂರು ವರ್ಷ ಮೀರಿದ ಮೇಲೆ ಜಾನ್ ಸ್ಮಿತ್ ಎಂಬ ತರುಣ 1819ರಿಂದ ಮೂರು ವರ್ಷ ಕೂತು ಅದನ್ನು ಬಿಡಿಸಿದ. ಆ ಲಿಪಿಯ ಕೀಲಿಕೈಯಂತಿದ್ದ ಪುಸ್ತಕ ಅದೇ ಗ್ರಂಥಾಲಯದಲ್ಲಿದ್ದದ್ದು ಪಾಪ ಅವನಿಗೆ ತಿಳಿದಿರಲಿಲ್ಲ. 1825ರಲ್ಲಿ ದಿನಚರಿಯ ಆಯ್ದ ಭಾಗ ಅಚ್ಚಾಯಿತು. ಇದನ್ನು ಚರಿತ್ರೆಕಾರರು ಹೇಳುತ್ತಲೇ ಬಂದಿದ್ದಾರೆ. ನನ್ನ ಮನಸ್ಸು ನಿಲ್ಲುವುದು ಬೇರೆ ಕಡೆ. ಅದೇ ದಿನಚರಿಯಲ್ಲಿ, 1663ರ ಜನವರಿಯ ಒಂದು ದಿನ, ಪೀಪ್ಸನ ಹೆಂಡತಿ ಎಲಿಜಬೆತ್ ಒಂದು ಕಾಗದ ತೆಗೆದು ಅವನೆದುರು ಓದುತ್ತಾಳೆ. ಮನೆಯೊಳಗೆ ಒಂಟಿಯಾಗಿ ಬಿದ್ದಿರುವ ತನ್ನ ಬದುಕು ಎಷ್ಟು ಬೇಸರದ್ದು ಎಂದು ಅವಳೇ ಬರೆದದ್ದು. ಅದರಲ್ಲಿ ಹೆಚ್ಚಿನದೆಲ್ಲ ನಿಜ ಎಂದು ಗಂಡನೇ ಒಪ್ಪುತ್ತಾನೆ. ಅವನನ್ನು ಕೆರಳಿಸಿದ್ದು ಅದು ಎಲ್ಲರೂ ಓದಬಹುದಾದ ಸಾದಾ ಇಂಗ್ಲಿಷಿನಲ್ಲಿದೆ, ಯಾರ ಕೈಗಾದರೂ ಸಿಕ್ಕೀತು ಎಂಬುದು. ಹರಿ ಎನ್ನುತ್ತಾನೆ, ಅವಳು ಒಪ್ಪುವುದಿಲ್ಲ. ಕಿತ್ತುಕೊಂಡು ಅವಳ ಎದುರಿಗೇ ಹರಿಯುತ್ತಾನೆ. ಆಮೇಲೆ ಹೋಗಿ ತನ್ನ ಶೀಘ್ರಲಿಪಿಯಲ್ಲಿ ಅದನ್ನೂ ಬರೆದಿಡುತ್ತಾನೆ. ಅವಳ ಮಾತು ಇತ್ತು ಎಂದು ನಮಗೆ ಗೊತ್ತಿರುವುದೇ ಅವನ ಗೆರೆಗಳಿಂದ. ಅವಳು ಏನು ಮಾತು ಬಳಸಿದಳು ಎಂಬುದು ಮಾತ್ರ ಹೋಯಿತು.

ಮೊದಮೊದಲು ಶೀಘ್ರಲಿಪಿ ಗಂಡಸರ ಕಸುಬು. ಸಂಸತ್ತು, ಕೋರ್ಟು, ಪತ್ರಿಕೆಗಳಲ್ಲಿ ಅವರೇ. 1870ರ ದಶಕದಲ್ಲಿ ಟೈಪ್‌ರೈಟರ್ ಮಾರುಕಟ್ಟೆಗೆ ಬಂದ ಮೇಲೆ ಆಫೀಸಿನ ಬಾಗಿಲು ಹೆಣ್ಣುಮಕ್ಕಳಿಗೆ ತೆರೆಯಿತು. ನಮ್ಮ ಕಡೆ ಅದು ತೆರೆಯಲು ಇನ್ನೂ ಎಷ್ಟೋ ಕಾಲ ಹಿಡಿಯಿತು. ಪಿಯುಸಿ ಮುಗಿದ ಮೇಲೆ ಗಂಡು ಸಿಗುವ ತನಕ ಸುಮ್ಮನೆ ಯಾಕಿರಬೇಕು ಎಂದು ಹಿರಿಯರು ಟೈಪಿಂಗಿಗೆ ಕಳಿಸುತ್ತಿದ್ದರು. ಅದರ ಜೊತೆಗೆ ಶಾರ್ಟ್‌ಹ್ಯಾಂಡ್. ಕನ್ನಡವನ್ನು ಆಡಳಿತ ಭಾಷೆ ಮಾಡುವ ಕಾಯ್ದೆ ಬಂದದ್ದು 1963ರಲ್ಲಿ. ಕನ್ನಡಕ್ಕೂ ಶೀಘ್ರಲಿಪಿ ಇದೆ, ಅದಕ್ಕೆ ಸರ್ಕಾರದ ಪರೀಕ್ಷೆಯೂ ಇದೆ. ನಾನು ಕಲಿತದ್ದು ಇಂಗ್ಲಿಷಿನದು ಮಾತ್ರ. ಖಾಸಗಿ ಕೆಲಸಗಳಲ್ಲಿ ಕೇಳುತ್ತಿದ್ದದ್ದೇ ಅದು.

1984ರಲ್ಲಿ ನಾನು ಶಿವಮೊಗ್ಗದ ಒಬ್ಬ ವಕೀಲರ ಕಚೇರಿಯಲ್ಲಿ ಸ್ಟೆನೋ ಆಗಿದ್ದೆ. ಜೀವನಾಂಶದ ಅರ್ಜಿಗಳು ಅಲ್ಲಿಗೆ ಬಹಳ ಬರುತ್ತಿದ್ದವು. ಆಗಿನ ದಂಡ ಪ್ರಕ್ರಿಯಾ ಸಂಹಿತೆಯ 125ನೆಯ ಕಲಮಿನ ಪ್ರಕಾರ ಗಂಡ ಬಿಟ್ಟವಳಿಗೆ ಹೆಚ್ಚೆಂದರೆ ತಿಂಗಳಿಗೆ 500 ರೂಪಾಯಿ. ಆ ಮಿತಿಯನ್ನು ತೆಗೆದದ್ದು 2001ರಲ್ಲಿ. ಹೆಂಗಸರು ಬೆಂಚಿನ ಮೇಲೆ ಕೂತು ಕನ್ನಡದಲ್ಲಿ ಹೇಳುತ್ತಿದ್ದರು. ವಕೀಲರು ಕೇಳಿಸಿಕೊಂಡು ನನ್ನ ಕಡೆ ತಿರುಗಿ ಇಂಗ್ಲಿಷಿನಲ್ಲಿ ಹೇಳುತ್ತಿದ್ದರು. ‘ಮೂರು ಹೊತ್ತು ಉಣ್ತಿದ್ದಿದ್ದು ಎರಡಾಯ್ತು, ಎರಡು ಒಂದಾಯ್ತು, ಆಮೇಲೆ ಒಲೇನೇ ಹಚ್ಚಲಿಲ್ಲ’ ಎಂದು ಒಬ್ಬಾಕೆ ಹೇಳಿದರೆ ಅದು ‘ನೆಗ್ಲೆಕ್ಟೆಡ್ ಅಂಡ್ ರೆಫ್ಯೂಸ್ಡ್ ಟು ಮೇಂಟೇನ್’ ಎಂದಾಗುತ್ತಿತ್ತು. ವಕೀಲರು ಒಳ್ಳೆಯವರು, ಬಡವರಿಂದ ಫೀಸಿಗೆ ಒತ್ತಾಯ ಮಾಡಿದವರಲ್ಲ. ಕಾಯ್ದೆಯ ಮಾತೇ ಅದು, ಅವರು ತಾನೇ ಏನು ಮಾಡಿಯಾರು? ದಿನಾ ಕೇಳಿ ಕೇಳಿ ಆ ಐದು ಪದಗಳಿಗೆ ನಾನು ಪೆನ್ಸಿಲ್ ಎತ್ತದೆ ಬರೆಯುವ ಒಂದೇ ಗೆರೆ ಮಾಡಿಕೊಂಡಿದ್ದೆ. ಮೂರು ಹೊತ್ತಿನ ಹಸಿವು, ಒಂದು ಗೆರೆ.

ಭದ್ರಾ ಕಾಲುವೆಯ ಕೆಳಗಿನ ಹಳ್ಳಿಯೊಂದರಿಂದ ಬಂದ ಒಬ್ಬಾಕೆ ಕೂತಿದ್ದಾಗ ವಕೀಲರನ್ನು ಯಾರೋ ಹೊರಗೆ ಕರೆದರು. ಅವರು ಎದ್ದುಹೋದದ್ದು ಆಕೆಯ ಗಮನಕ್ಕೇ ಬರಲಿಲ್ಲ. ನನ್ನ ಕೈಯಲ್ಲಿ ಪೆನ್ಸಿಲ್ ಇತ್ತಲ್ಲ, ನನಗೇ ಹೇಳತೊಡಗಿದಳು. ನನ್ನ ಕೈಯೂ ಓಡತೊಡಗಿತು. ಕನ್ನಡವನ್ನು ಪಿಟ್‌ಮನ್ನನ ಇಂಗ್ಲಿಷ್ ಗೆರೆಗಳಲ್ಲಿ ಬರೆಯುವುದು ಅದೇ ಮೊದಲು. ತ, ದಗಳಿಗೆ ಅವನ ‘ಇತ್’, ‘ದೀ’ ಎಂಬ ಬಾಗುಗೆರೆಗಳನ್ನು ಬಳಸಿಕೊಂಡೆ. ಣ ಇಲ್ಲ, ನಕಾರವೇ ಗತಿ. ಳ ಇಲ್ಲ, ಲಕಾರವೇ ಗತಿ. ಮಹಾಪ್ರಾಣದ ತೊಂದರೆ ಬರಲಿಲ್ಲ, ಅದು ಆಕೆಯ ಬಾಯಲ್ಲೂ ಇರಲಿಲ್ಲ. ‘ಎಲ್ಲ ಬರ್ಕಂಡ್ಯಾ ತಾಯೀ?’ ಎಂದು ಕೊನೆಗೆ ಕೇಳಿದಳು. ಬರೆದುಕೊಂಡೆ ಎಂದೆ. ವಕೀಲರು ಬಂದ ಮೇಲೆ ಓದಿ ಹೇಳಿದೆ. ‘ಇದಕ್ಕೆಲ್ಲ ದಾಖಲೆ ಇಲ್ಲಮ್ಮ, ಬಿಡಿ’ ಎಂದರು. ಅರ್ಜಿಯಲ್ಲಿ ಅದು ಸೇರಲಿಲ್ಲ. ಆಕೆಗೆ ಎಷ್ಟೋ ತಿಂಗಳ ಮೇಲೆ ತಿಂಗಳಿಗೆ 150 ರೂಪಾಯಿ ಮಂಜೂರಾಯಿತು. ಮುಗಿದ ಪುಸ್ತಕಗಳನ್ನು ಕಚೇರಿಯವರು ರದ್ದಿಗೆ ಹಾಕುತ್ತಿದ್ದರು. ಅದೊಂದನ್ನು ನಾನು ಮನೆಗೆ ತಂದೆ.

ಹನ್ನೊಂದು ಸಾಲು ಇದೆ. ಪೆನ್ಸಿಲ್ ಗುರುತು ಸ್ವಲ್ಪ ಮಾಸಿದ್ದರೂ ದಪ್ಪ ತೆಳು ಇನ್ನೂ ಬೆರಳಿಗೆ ಗೊತ್ತಾಗುತ್ತದೆ. ಹೆಚ್ಚಿನದನ್ನು ಈಗಲೂ ಓದುತ್ತೇನೆ. ಅತ್ತೆಯ ಮಾತು, ಬಾವಿಯ ಹಗ್ಗ, ಮಗುವಿಗೆ ಬಂದ ಜ್ವರ. ಆರನೆಯ ಸಾಲಿನಲ್ಲಿ ಒಂದು ದಪ್ಪ ಬಕಾರ, ಅದರಿಂದ ಮೇಲಕ್ಕೆ ಹೋದ ಲಕಾರ, ಆಮೇಲೆ ‘ಮಾರಿಬಿಟ್ಟ’. ಬಳೆ ಮಾರಿಬಿಟ್ಟ ಎಂದಳೋ, ಬೆಳೆ ಮಾರಿಬಿಟ್ಟ ಎಂದಳೋ? ಬಳೆಯಾದರೆ ತವರಿನವರು ಕೊಟ್ಟ ಅವಳದೇ ಚಿನ್ನ. ಬೆಳೆಯಾದರೆ ಗಂಡನ ಕೈಯಲ್ಲಿ ದುಡ್ಡಿತ್ತು ಎಂಬುದಕ್ಕೆ ಅದೇ ಸಾಕ್ಷಿ. ಗೆರೆ ಇರುವ ಎತ್ತರ ನೋಡಿದರೆ ಗೊತ್ತಾಗಬೇಕು. ಆದರೆ ನಮ್ಮ ಅಕಾರಕ್ಕೂ ಎಕಾರಕ್ಕೂ ಪಿಟ್‌ಮನ್ ಕೊಟ್ಟಿರುವ ಜಾಗ ಒಂದೇ, ಎರಡೂ ರೂಲಿನ ಮೇಲೇ ಕೂರುತ್ತವೆ. ಆ ದಿನ ಓದಿ ಹೇಳುವಾಗ ನನ್ನ ಕಿವಿಯಲ್ಲಿ ಅವಳ ದನಿ ಇತ್ತು, ಒಂದು ಕ್ಷಣವೂ ತಡವರಿಸಲಿಲ್ಲ. ಅದರ ಮುಂದಿನ ಗೆರೆ ಸ್ಪಷ್ಟವಾಗಿದೆ, ‘ಕೈ ಬರಿದಾಯ್ತು’ ಎಂದು. ಅದು ಎರಡಕ್ಕೂ ಹೊಂದುತ್ತದೆ.