ಶಿಲೆ, ಶಾಸನ ಮತ್ತು ನಾಡಿನ ಚಿತ್ರ: ಹದಡಿ–ಹರಿಹರ ಸೀಮೆಯ ಒಂದು ವಿವೇಚನೆ

ಒಂದು ನಾಡಿಗೆ ಭೂಪಟದಲ್ಲಿರುವ ರೂಪ ಒಂದು, ಜನಮನದಲ್ಲಿರುವ ರೂಪ ಮತ್ತೊಂದು. ಮೊದಲನೆಯದನ್ನು ನದಿ, ಬೆಟ್ಟ, ಗಡಿಗಳು ನಿರ್ಣಯಿಸುತ್ತವೆ. ಎರಡನೆಯದನ್ನು ಕಲೆಯೂ ಇತಿಹಾಸವೂ ಕೂಡಿ ರೂಪಿಸುತ್ತವೆ. ಹಂಪೆ ಎಂದೊಡನೆ ಕಲ್ಲಿನ ರಥವೂ, ಚಿತ್ರದುರ್ಗ ಎಂದೊಡನೆ ಏಳು ಸುತ್ತಿನ ಕೋಟೆಯೂ ಕಣ್ಣೆದುರು ನಿಲ್ಲುತ್ತವೆ. ದಾವಣಗೆರೆ ಎಂದಾಗ ಮಾತ್ರ ಬಹುಜನರ ನೆನಪಿಗೆ ಬರುವುದು ಹತ್ತಿಯ ಗಿರಣಿ, ವಿದ್ಯಾಸಂಸ್ಥೆ, ಬೆಣ್ಣೆದೋಸೆಗಳು. ಇದು ನಿನ್ನೆ ಮೊನ್ನೆ ಬೆಳೆದ ವ್ಯಾಪಾರದ ಊರು, ಇದಕ್ಕೆ ಹಳೆಯ ಚರಿತ್ರೆ ಎಲ್ಲಿಯದು ಎಂಬ ಭಾವನೆ ವಿದ್ಯಾವಂತರಲ್ಲಿಯೂ ಬೇರೂರಿದೆ. ನಗರದಿಂದ ಹದಡಿಯ ಕಡೆಗೆ ಹೊರಟವನಿಗೆ ಭದ್ರಾ ನಾಲೆಯ ನೀರುಂಡ ಬತ್ತದ ಗದ್ದೆಗಳು ಕಾಣುತ್ತವೆಯೇ ಹೊರತು ಶತಮಾನಗಳು ಕಾಣುವುದಿಲ್ಲ. ಈ ಭಾವನೆ ಎಷ್ಟು ಸತ್ಯ, ಇದು ಹೇಗೆ ಹುಟ್ಟಿತು ಎಂಬುದು ವಿಚಾರಾರ್ಹವಾದ ಪ್ರಶ್ನೆ.

ಹದಡಿ, ಬೇತೂರು, ಆನೆಕೊಂಡ, ಹರಿಹರಗಳನ್ನೊಳಗೊಂಡ ಈ ಸೀಮೆ ಪ್ರಾಚೀನ ನೊಳಂಬವಾಡಿ ಮೂವತ್ತೆರಡು ಸಾಸಿರದ ಭಾಗವಾಗಿದ್ದಿತು. ಕಲ್ಯಾಣದ ಚಾಲುಕ್ಯರ ಮಾಂಡಲಿಕರಾದ ಪಾಂಡ್ಯರು ಉಚ್ಚಂಗಿಯ ದುರ್ಗವನ್ನು ರಾಜಧಾನಿಯಾಗಿಸಿಕೊಂಡು ಈ ನಾಡನ್ನು ಆಳಿದರು. ಈಗ ದಾವಣಗೆರೆ ನಗರದೊಳಗೇ ಸೇರಿಹೋಗಿರುವ ಆನೆಕೊಂಡದ ಈಶ್ವರ ದೇವಾಲಯ ಆ ಕಾಲದ ಶಿಲ್ಪಕೌಶಲಕ್ಕೆ ನಿದರ್ಶನ. ಹೊಯ್ಸಳ ವಿಷ್ಣುವರ್ಧನನು ಧರಿಸಿದ ಬಿರುದುಗಳಲ್ಲಿ ‘ನೊಳಂಬವಾಡಿಗೊಂಡ’ ಎಂಬುದೂ ಒಂದು. ಗೆದ್ದವನ ಬಿರುದಿನಲ್ಲಿ ಸೋತ ನಾಡಿನ ಹೆಸರು ಉಳಿದುಬಂದಿತು. ಆದರೆ ಅಲ್ಲಿ ಅದು ಗೆಲ್ಲಬೇಕಾದ ನೆಲವಾಗಿ ಮಾತ್ರ ಕಾಣುತ್ತದೆ. ಅಲ್ಲಿ ಬಾಳಿದವರ ಮಾತು ಬಿರುದಾವಳಿಯಲ್ಲಿಲ್ಲ.

ಈ ಸೀಮೆಗೆ ಚಿರಸ್ಥಾಯಿಯಾದ ಒಂದು ಮುಖವನ್ನು ಕೊಟ್ಟುದು ಹರಿಹರದ ದೇವಾಲಯ. ಹೊಯ್ಸಳ ಇಮ್ಮಡಿ ನರಸಿಂಹನ ದಂಡನಾಯಕನಾದ ಪೋಲಾಳ್ವನು 1224ರಲ್ಲಿ ಇದನ್ನು ಕಟ್ಟಿಸಿದನು. ಬಲಭಾಗದಲ್ಲಿ ಹರ, ಎಡಭಾಗದಲ್ಲಿ ಹರಿ, ಒಂದೇ ವಿಗ್ರಹದಲ್ಲಿ ಇಬ್ಬರು. ಗುಹಾಸುರನನ್ನು ಸಂಹರಿಸಲು ಇಬ್ಬರು ದೇವರೂ ಏಕದೇಹರಾದರೆಂದು ಸ್ಥಳಪುರಾಣ ಹೇಳುತ್ತದೆ. ಊರಿಗೆ ಈ ವಿಗ್ರಹದ ಹೆಸರೇ ನಿಂತಿತು. ತುಂಗಭದ್ರೆಯ ತೀರಕ್ಕೆ ಸಮನ್ವಯದ ಕ್ಷೇತ್ರವೆಂಬ ಕೀರ್ತಿಯೂ ಬಂದಿತು. ಕಲೆಯು ಒಂದು ಪ್ರದೇಶದ ಚಿತ್ರವನ್ನು ರೂಪಿಸುವ ಬಗೆಗೆ ಇದಕ್ಕಿಂತ ಸ್ಪಷ್ಟವಾದ ಉದಾಹರಣೆ ಬೇಕಾಗಿಲ್ಲ.

ಆದರೆ ಅದೇ ಕ್ಷೇತ್ರದ ಶಾಸನಗಳನ್ನು ಓದಿದಾಗ ಬೇರೆಯದೇ ಚಿತ್ರ ಮೂಡುತ್ತದೆ. ಹದಿಮೂರನೆಯ ಶತಮಾನದಲ್ಲಿ ಈ ನೆಲ ಹೊಯ್ಸಳರಿಗೂ ದೇವಗಿರಿಯ ಸೇವುಣರಿಗೂ ನಡುವಣ ಗಡಿಯಾಗಿದ್ದು ಮತ್ತೆ ಮತ್ತೆ ಕೈ ಬದಲಾಯಿಸಿತು. ಸೇವುಣರ ಕಾಲದಲ್ಲಿ ಬೇತೂರು ಆಡಳಿತದ ಕೇಂದ್ರವಾಗಿದ್ದಿತು. ಸೇವುಣ ರಾಮಚಂದ್ರನ ಸೇನಾನಿ ಸಾಳುವ ತಿಕ್ಕಮನು 1276ರ ಸುಮಾರಿಗೆ ದೋರಸಮುದ್ರದ ಮೇಲೆ ದಂಡೆತ್ತಿ ಹೋದನು. ಹಿಂದಿರುಗಿದವನು ಹರಿಹರದಲ್ಲಿ ತನ್ನ ವಿಜಯವನ್ನು ಸಾರುವ ಶಾಸನವನ್ನು ಹಾಕಿಸಿದನು. ಹೊಯ್ಸಳರ ಕಡೆಯ ಶಾಸನಗಳಾದರೋ ತಿಕ್ಕಮನನ್ನು ಬೆಳವಾಡಿಯಲ್ಲಿ ಮುರಿದು ದುಮ್ಮಿಯ ಆಚೆಗೆ ಅಟ್ಟಿದುದಾಗಿ ಹೇಳುತ್ತವೆ. ಒಂದೇ ಯುದ್ಧಕ್ಕೆ ಎರಡು ಗೆಲುವು! ಹೊಯ್ಸಳ ದಂಡನಾಯಕನು ಕಟ್ಟಿಸಿದ ದೇವಾಲಯವಿರುವ ಕ್ಷೇತ್ರದಲ್ಲಿಯೇ ಹೊಯ್ಸಳರ ಶತ್ರುವಿನ ಜಯಘೋಷವೂ ನಿಂತಿದೆ.

ಇಲ್ಲಿ ಯಾವುದು ನಿಜ? ವಿಗ್ರಹದ ಸಮನ್ವಯವೋ, ಶಾಸನದ ಸಂಘರ್ಷವೋ? ಎರಡೂ ನಿಜವೆನ್ನಬೇಕು. ಶಿಲ್ಪಿಯು ಜನರು ಹಂಬಲಿಸಿದುದನ್ನು ಕೆತ್ತಿದನು. ಶಾಸನಕಾರನು ಪ್ರಭುವು ಹೇಳಿಸಿದುದನ್ನು ಬರೆದನು. ಒಂದನ್ನೇ ಹಿಡಿದು ಹೊರಟವರು ನಾಡಿನ ಅರ್ಧಮುಖವನ್ನೇ ಕಾಣುತ್ತಾರೆ. ಗಡಿನಾಡಿನ ಜನ ಎರಡೂ ಸೇನೆಗಳ ತುಳಿತವನ್ನು ಸಹಿಸಿದರು ಎಂಬುದನ್ನು ನೆನೆದಾಗಲೇ ಎರಡು ದೇವರನ್ನು ಒಂದಾಗಿ ಪೂಜಿಸಿದ ಅವರ ಭಕ್ತಿಯ ಬೆಲೆ ತಿಳಿಯುತ್ತದೆ.

ಆಧುನಿಕ ಕಾಲದಲ್ಲಿ ಈ ಚಿತ್ರವನ್ನು ತಿದ್ದುವ ಕೈಗಳು ಬದಲಾದವು. 1866ರಲ್ಲಿ ಲಂಡನ್ನಿನಿಂದ ಪ್ರಕಟವಾದ, ಧಾರವಾಡ ಮತ್ತು ಮೈಸೂರು ಸೀಮೆಗಳ ವಾಸ್ತುಶಿಲ್ಪವನ್ನು ಕುರಿತ ಛಾಯಾಚಿತ್ರಗ್ರಂಥದಲ್ಲಿ ಹರಿಹರಕ್ಕೂ ಸ್ಥಾನ ದೊರೆಯಿತು. ಬಿ. ಎಲ್. ರೈಸ್ ಅವರು ಇಲ್ಲಿಯ ಶಾಸನಗಳನ್ನು ‘ಎಪಿಗ್ರಾಫಿಯಾ ಕರ್ನಾಟಿಕಾ’ದ ಹನ್ನೊಂದನೆಯ ಸಂಪುಟದಲ್ಲಿ ಸಂಗ್ರಹಿಸಿದರು. ಆದರೆ ಆ ಸಂಪುಟದ ಹೆಸರು ಚಿತ್ರದುರ್ಗ ಜಿಲ್ಲೆಯದು. 1997ರವರೆಗೆ ಈ ಸೀಮೆ ಆ ಜಿಲ್ಲೆಗೆ ಸೇರಿದ್ದುದರಿಂದ ಕೋಟೆಯ ಪಾಳೆಯಗಾರರ ಕಥೆಯೇ ಇಡೀ ಜಿಲ್ಲೆಯ ಕಥೆಯಾಯಿತು. ಆರ್. ನರಸಿಂಹಾಚಾರ್ಯರು 1917 ಮತ್ತು 1919ರಲ್ಲಿ ಸೋಮನಾಥಪುರ, ಬೇಲೂರು, ದೊಡ್ಡಗದ್ದವಳ್ಳಿಗಳ ದೇವಾಲಯಗಳಿಗೆ ಪ್ರತ್ಯೇಕ ಪುಸ್ತಕಗಳನ್ನೇ ಮೀಸಲಿಟ್ಟರು. ಅಂದಿನಿಂದ ಹೊಯ್ಸಳ ಕಲೆಯೆಂದರೆ ತೆರಪಿಲ್ಲದ ಕೆತ್ತನೆಯ ಭಿತ್ತಿಯೆಂಬ ಕಲ್ಪನೆ ಗಟ್ಟಿಯಾಯಿತು. ಹೊರಗೋಡೆಯ ಶಿಲ್ಪಸಮೃದ್ಧಿಗಿಂತ ವಿಶಾಲವಾದ ತೆರೆದ ಮಂಟಪಕ್ಕೂ ನುಣುಪಾಗಿ ಕಡೆದ ಕಂಬಗಳಿಗೂ ಹೆಸರಾದ ಹರಿಹರ ಆ ಅಳತೆಗೆ ಒಗ್ಗಲಿಲ್ಲ. 1268ರಲ್ಲಿ ಈ ದೇವಾಲಯವನ್ನು ವಿಸ್ತರಿಸಿದ ಸೋಮ ದಂಡನಾಯಕನೇ ಸೋಮನಾಥಪುರದ ನಿರ್ಮಾತೃ. 2023ರಲ್ಲಿ ಬೇಲೂರು, ಹಳೇಬೀಡು, ಸೋಮನಾಥಪುರಗಳ ದೇವಾಲಯಗಳು ವಿಶ್ವ ಪರಂಪರೆಯ ಪಟ್ಟಿಯನ್ನು ಸೇರಿದವು. ಒಬ್ಬನೇ ದಾನಿಯ ಎರಡು ಕೃತಿಗಳಲ್ಲಿ ಒಂದಕ್ಕೆ ಜಗತ್ತಿನ ಮನ್ನಣೆ ದೊರೆಯಿತು. ಇನ್ನೊಂದು ಯಾತ್ರಿಕರ ಕ್ಷೇತ್ರವಾಗಿಯೇ ಉಳಿಯಿತು.

ದಾವಣಗೆರೆಯ ಚಿತ್ರವನ್ನು ವಾಣಿಜ್ಯವು ಬರೆಯಿತು. ಬೇತೂರಿನ ಹೊರವಲಯದ ಸಣ್ಣ ಹಳ್ಳಿಯಾಗಿದ್ದ ಇದನ್ನು ಹೈದರಾಲಿಯು ಆಪೋಜಿರಾಮನೆಂಬ ಮರಾಠಿಗನಿಗೆ ಜಹಗೀರಾಗಿ ಕೊಟ್ಟನು. ಆತನು ವರ್ತಕರನ್ನು ಕರೆಸಿ ನೆಲೆಗೊಳಿಸಿದನು. ರಾಜಧಾನಿ ಹಳ್ಳಿಯಾಯಿತು, ಹಳ್ಳಿ ಪಟ್ಟಣವಾಯಿತು. 1936ರಲ್ಲಿ ದಾವಣಗೆರೆ ಕಾಟನ್ ಮಿಲ್ಸ್ ಸ್ಥಾಪನೆಯಾಯಿತು. ಬಳಿಕ ‘ಕರ್ನಾಟಕದ ಮ್ಯಾಂಚೆಸ್ಟರ್’ ಎಂಬ ಹೆಸರು ಬಂದಿತು. 1941ರಲ್ಲಿ ಹರಿಹರದಲ್ಲಿ ಆರಂಭವಾದ ಮೈಸೂರು ಕಿರ್ಲೋಸ್ಕರ್ ಕಾರ್ಖಾನೆಯ ಲೇತುಗಳು ದೇಶವೆಲ್ಲ ಹರಡಿದವು. ಏಳು ಶತಮಾನಗಳ ಹಿಂದೆ ಕಲ್ಲನ್ನು ತಿರುಗಿಸಿ ಕಂಬ ಕಡೆದ ಊರಿನಲ್ಲಿ ಉಕ್ಕನ್ನು ಕಡೆಯುವ ಯಂತ್ರ ಸಿದ್ಧವಾದುದನ್ನು ಆಗ ಯಾರೂ ಎತ್ತಿ ಹೇಳಿದಂತಿಲ್ಲ. ಮುಂದೆ ಗಿರಣಿಗಳು ಬಹುಮಟ್ಟಿಗೆ ಮುಚ್ಚಿದವು. ಕಿರ್ಲೋಸ್ಕರ್ ಕಾರ್ಖಾನೆಯೂ ನಿಂತಿತು. ಭದ್ರೆಯ ನೀರು ಬಂದ ಮೇಲೆ ಜೋಳ ಹತ್ತಿಗಳ ಹೊಲ ಗದ್ದೆಯಾಯಿತು. ಹೆಸರು ತಂದ ಉದ್ಯಮ ಹೋದ ಮೇಲೂ ಆ ಹೆಸರು ಉಳಿದಿದೆ. ಚಿತ್ರವೆಂಬುದು ವಸ್ತುವಿಗಿಂತ ದೀರ್ಘಾಯು.

ಗಡಿಗಳೂ ಈ ಮರೆವಿಗೆ ನೆರವಾದವು. ಜಿಲ್ಲೆಯ ರಚನೆಯಾದಾಗ ಉಚ್ಚಂಗಿದುರ್ಗವುಳ್ಳ ಹರಪನಹಳ್ಳಿ ತಾಲ್ಲೂಕು ದಾವಣಗೆರೆಗೆ ಸೇರಿದ್ದಿತು. 2018ರಲ್ಲಿ ಬಳ್ಳಾರಿಗೆ ಮರಳಿ, 2021ರಲ್ಲಿ ವಿಜಯನಗರ ಜಿಲ್ಲೆಯ ಭಾಗವಾಯಿತು. ಪಾಂಡ್ಯರ ದೇವಾಲಯ ಒಂದು ಜಿಲ್ಲೆಯಲ್ಲಿ, ಅವರ ರಾಜಧಾನಿ ಇನ್ನೊಂದರಲ್ಲಿ. ಶಾಲೆಯ ಮಗುವಿಗೆ ಇವೆರಡರ ಸಂಬಂಧ ತಿಳಿಯುವುದು ಹೇಗೆ? ಆಡಳಿತದ ಅನುಕೂಲಕ್ಕೆ ಎಳೆದ ಗೆರೆ ಚರಿತ್ರೆಯ ಗೆರೆಯಾಗಬಾರದು.

ಆದುದರಿಂದ ಈ ಸೀಮೆಗೆ ಚರಿತ್ರೆಯಿಲ್ಲವೆಂಬ ಮಾತು ನಿರಾಧಾರವಾದುದು. ಕೊರತೆಯಿರುವುದು ಚರಿತ್ರೆಗಲ್ಲ, ಅದನ್ನು ಒಂದಾಗಿ ನೋಡುವ ದೃಷ್ಟಿಗೆ. ಕಳಚಿದ ಕೊಂಡಿಗಳನ್ನು ಕೂಡಿಸುವ ಸಾಮಗ್ರಿ ದೂರದ ಗ್ರಂಥಾಲಯಗಳಲ್ಲಿ ಮಾತ್ರವಿಲ್ಲ. ಕೆರೆಯ ಏರಿ, ಗುಡಿಯ ಹಿತ್ತಿಲು, ಹೊಲದ ಬದುಗಳಲ್ಲಿ ನಿಂತ ವೀರಗಲ್ಲು, ಮಾಸ್ತಿಕಲ್ಲು, ದಾನಶಾಸನಗಳಲ್ಲಿಯೂ ಅದು ಇದೆ. ರಾಜರ ಬಿರುದಾವಳಿಯಲ್ಲಿ ಸ್ಥಾನವಿಲ್ಲದ ಸಾಮಾನ್ಯರ ಹೆಸರುಗಳು ಉಳಿದಿರುವುದು ಇಂಥ ಕಲ್ಲುಗಳಲ್ಲಿಯೇ. ರಸ್ತೆ ಅಗಲವಾಗುವಾಗ, ಗುಡಿಗೆ ಹೊಸ ಗೋಡೆ ಏಳುವಾಗ ಮೊದಲು ಕದಲುವುವೂ ಇವೇ. ಒಮ್ಮೆ ತಳಪಾಯಕ್ಕೆ ಸೇರಿದ ಕಲ್ಲು ಮತ್ತೆ ಮಾತಾಡದು. ಹದಡಿಯಂಥ ಪ್ರತಿಯೊಂದು ಗ್ರಾಮವೂ ತನ್ನ ಎಲ್ಲೆಯೊಳಗಿನ ಕಲ್ಲುಗಳನ್ನು ಗುರುತಿಸಿ, ಪಟ್ಟಿಮಾಡಿ, ನೆರಳಿನಲ್ಲಿ ನಿಲ್ಲಿಸುವುದು ದೊಡ್ಡ ವೆಚ್ಚದ ಕೆಲಸವಲ್ಲ. ಪರರು ಬರೆದ ಚಿತ್ರದಲ್ಲಿ ತನ್ನ ಮುಖವನ್ನು ಹುಡುಕುವ ನಾಡು ಬಹುಕಾಲ ತನ್ನನ್ನು ಅರಿಯಲಾರದು. ತನ್ನ ಸಾಕ್ಷ್ಯವನ್ನು ತಾನು ಕಾಯ್ದುಕೊಂಡ ನಾಡಿಗೆ ಮಾತ್ರ ತನ್ನ ಚಿತ್ರವನ್ನು ತಾನೇ ತಿದ್ದುವ ಅಧಿಕಾರವಿರುತ್ತದೆ.