ಪೆಟ್ಟಿಗೆಯ ಅಳತೆ, ಮಂಜಿನ ಲೆಕ್ಕ

ಪ್ರವಾಸಕ್ಕೆಂದು ತಂಪುಪೆಟ್ಟಿಗೆ ಕೊಳ್ಳಲು ಹೋದವರಿಗೆ ಅಂಗಡಿಯವನು ಹಾಕುವ ಮೊದಲ ಪ್ರಶ್ನೆ, ‘ಎಷ್ಟು ಲೀಟರಿನದು ಕೊಡಲಿ?’ ನಮ್ಮಲ್ಲಿ ಬಹುಮಂದಿ ಮನೆಯವರ ತಲೆ ಎಣಿಸಿ ಉತ್ತರ ಹೇಳುತ್ತಾರೆ. ಕೆಲವರು ಕಾರಿನ ಡಿಕ್ಕಿಯನ್ನು ನೆನೆದು ಹೇಳುತ್ತಾರೆ. ಈ ಪ್ರಶ್ನೆ ಮೇಲುನೋಟಕ್ಕೆ ಕಾಣುವಷ್ಟು ಹೊಸದೂ ಅಲ್ಲ, ಸರಳವೂ ಅಲ್ಲ. ಕರಗುವ ಸರಕನ್ನು ಕರಗಗೊಡದೆ ದೂರ ಸಾಗಿಸಲು ಹೆಣಗಿದವರೆಲ್ಲರೂ ಕಳೆದ ಇನ್ನೂರು ವರ್ಷಗಳಲ್ಲಿ ಇದನ್ನೇ ಕೇಳಿಕೊಂಡಿದ್ದಾರೆ. ಅವರು ಕಂಡುಕೊಂಡ ಉತ್ತರಗಳನ್ನು ನೋಡಿದರೆ ನಮ್ಮ ಆಯ್ಕೆಯೂ ಸುಲಭವಾದೀತು.

ಅಮೆರಿಕದ ಮೇರಿಲ್ಯಾಂಡಿನಲ್ಲಿ ಥಾಮಸ್ ಮೂರ್ ಎಂಬ ರೈತನಿದ್ದ. ಅವನ ಊರಿನಿಂದ ಜಾರ್ಜ್‌ಟೌನ್ ಸಂತೆಗೆ ಸುಮಾರು ಇಪ್ಪತ್ತು ಮೈಲಿ. ಬೇಸಿಗೆಯಲ್ಲಿ ಬೆಣ್ಣೆ ಅಷ್ಟು ದೂರ ಹೋಗುವಷ್ಟರಲ್ಲಿ ಎಣ್ಣೆಯಾಗುತ್ತಿತ್ತು. 1802ರ ಸುಮಾರಿಗೆ ಅವನು ಮರದ ಅಂಡಾಕಾರದ ತೊಟ್ಟಿಯೊಂದನ್ನು ಮಾಡಿಸಿ, ಅದರೊಳಗೆ ತಗಡಿನ ಪಾತ್ರೆಯಿಟ್ಟು, ಎರಡರ ನಡುವೆ ಮಂಜುಗಡ್ಡೆಯ ಚೂರು ತುಂಬಿ, ಹೊರಗೆ ಮೊಲದ ಚರ್ಮ ಮತ್ತು ಬಟ್ಟೆಯ ಹೊದಿಕೆ ಹೊದಿಸಿದ. ಗಟ್ಟಿಯಾಗಿಯೇ ಸಂತೆ ಸೇರಿದ ಅವನ ಬೆಣ್ಣೆಗೆ ಉಳಿದವರಿಗಿಂತ ಹೆಚ್ಚು ಬೆಲೆ ಬಂತು. ಈ ಪೆಟ್ಟಿಗೆಗೆ ಅವನು ಇಟ್ಟ ಹೆಸರು ‘ರೆಫ್ರಿಜರೇಟರ್’. 1803ರಲ್ಲಿ ಅದಕ್ಕೆ ಹಕ್ಕುಪತ್ರವನ್ನೂ ಪಡೆದ. ಇಂದು ಅಡುಗೆಮನೆಯ ಮೂಲೆಯಲ್ಲಿ ಕದಲದೆ ನಿಂತಿರುವ ಯಂತ್ರದ ಹೆಸರು ಮೊದಲು ಅಂಟಿಕೊಂಡದ್ದು ಪ್ರಯಾಣ ಹೊರಟ ಪೆಟ್ಟಿಗೆಯೊಂದಕ್ಕೆ ಎಂಬುದು ಗಮನಿಸತಕ್ಕ ಸಂಗತಿ. ಮೂರ್‌ನ ಅಳತೆಗೋಲು ಸ್ಪಷ್ಟವಾಗಿತ್ತು: ಒಂದು ಸಂತೆಗೆ ಸಾಗುವಷ್ಟು ಬೆಣ್ಣೆ, ಅಷ್ಟು ದಾರಿಗೆ ಸಾಲುವಷ್ಟು ಮಂಜು.

ಇದೇ ಪ್ರಶ್ನೆಯನ್ನು ಹಡಗಿನಷ್ಟು ದೊಡ್ಡದಾಗಿ ಕೇಳಿದವನು ಬಾಸ್ಟನ್ನಿನ ಫ್ರೆಡರಿಕ್ ಟ್ಯೂಡರ್. 1806ರಲ್ಲಿ ಅವನು ಕೆರೆಯ ಮಂಜುಗಡ್ಡೆಯನ್ನು ಹಡಗಿಗೆ ತುಂಬಿ ಮಾರ್ಟಿನಿಕ್ ದ್ವೀಪಕ್ಕೆ ಕಳಿಸಿದಾಗ ಊರಿನವರು ನಕ್ಕರು. ಅವನು ನಷ್ಟಪಟ್ಟ, ಸಾಲಗಾರರ ಸೆರೆಮನೆಯನ್ನೂ ಕಂಡ, ಆದರೆ ಬಿಡಲಿಲ್ಲ. 1825ರಲ್ಲಿ ನಥೇನಿಯಲ್ ವೈಯತ್ ಎಂಬವನು ಕುದುರೆ ಎಳೆಯುವ ಮಂಜಿನ ನೇಗಿಲನ್ನು ಮಾಡಿಕೊಟ್ಟ ಮೇಲೆ ಗಡ್ಡೆಗಳನ್ನು ಒಂದೇ ಅಳತೆಗೆ ಕತ್ತರಿಸುವುದು ಸಾಧ್ಯವಾಯಿತು. ಇಟ್ಟಿಗೆಗಳಂತೆ ಒತ್ತಾಗಿ ಕೂರುವ ಗಡ್ಡೆಗಳ ನಡುವೆ ಗಾಳಿಗೆ ಎಡೆಯಿಲ್ಲ. ಸುತ್ತ ಮರದ ಹೊಟ್ಟಿನ ಹೊದಿಕೆ. 1833ರ ಮೇ ತಿಂಗಳಲ್ಲಿ ‘ಟಸ್ಕನಿ’ ಎಂಬ ಹಡಗು 180 ಟನ್ ಮಂಜು ಹೊತ್ತು ಬಾಸ್ಟನ್ ಬಿಟ್ಟಿತು. ಭೂಮಧ್ಯರೇಖೆಯನ್ನು ಎರಡು ಬಾರಿ ದಾಟಿ, ನಾಲ್ಕು ತಿಂಗಳು ತೇಲಿ, ಸೆಪ್ಟೆಂಬರಿನಲ್ಲಿ ಕಲ್ಕತ್ತೆ ಮುಟ್ಟಿದಾಗ ಸುಮಾರು 100 ಟನ್ ಉಳಿದಿತ್ತು. ಗವರ್ನರ್ ಜನರಲ್ ಬೆಂಟಿಂಕ್ ಸಂತೋಷಪಟ್ಟು ಟ್ಯೂಡರನ ಪ್ರತಿನಿಧಿಗೆ ಬೆಳ್ಳಿಯ ಬಟ್ಟಲು ಕೊಟ್ಟ. ಅದುವರೆಗೆ ಆ ನಗರದ ಅನುಕೂಲಸ್ಥರು ಚಳಿಗಾಲದ ರಾತ್ರಿಗಳಲ್ಲಿ ಹೂಗ್ಲಿಯ ಕಡೆ ಆಳವಿಲ್ಲದ ಮಣ್ಣಿನ ತಟ್ಟೆಗಳಲ್ಲಿ ಕಟ್ಟುವ ತೆಳು ಮಂಜನ್ನೇ ನೆಚ್ಚಬೇಕಾಗಿತ್ತು.

ನಾಲ್ಕು ತಿಂಗಳ ಬಿಸಿಲಿನಲ್ಲಿ ಅರ್ಧಕ್ಕಿಂತ ಹೆಚ್ಚು ಉಳಿದದ್ದು ಪವಾಡವಲ್ಲ, ಶಾಲೆಯ ಗಣಿತ. ಬಿಸಿ ಒಳಗೆ ಬರುವುದು ಮೈಯ ಮೂಲಕ. ಅದನ್ನು ತಡೆದು ನಿಲ್ಲುವುದು ಗಾತ್ರ. ಒಂದು ಅಡಿ ಉದ್ದ, ಅಗಲ, ಎತ್ತರದ ಗಡ್ಡೆಗೆ ಒಂದು ಘನ ಅಡಿ ಗಾತ್ರ, ಆರು ಚದರ ಅಡಿ ಮೈ. ಎರಡಡಿಯ ಗಡ್ಡೆಗೆ ಎಂಟು ಘನ ಅಡಿ ಗಾತ್ರ, ಇಪ್ಪತ್ತನಾಲ್ಕು ಚದರ ಅಡಿ ಮೈ. ಅಂದರೆ ಪ್ರತಿ ಘನ ಅಡಿಯ ಪಾಲಿಗೆ ಬರುವ ಮೈ ಆರರಿಂದ ಮೂರಕ್ಕಿಳಿಯಿತು. ದೊಡ್ಡದು ನಿಧಾನವಾಗಿ ಕರಗುತ್ತದೆ ಎಂಬುದರ ಗುಟ್ಟು ಇಷ್ಟೆ. ಹಡಗಿನ ಒಡಲೇ ಒಂದು ಗಡ್ಡೆಯಾದಾಗ ಕರಗುವುದು ಅಂಚು ಮಾತ್ರ.

ಮದ್ರಾಸಿನ ಕಡಲತೀರದಲ್ಲಿ ಟ್ಯೂಡರ್ 1842ರಲ್ಲಿ ಕಟ್ಟಿಸಿದ ಐಸ್‌ಹೌಸ್ ಇದೆ. 1897ರಲ್ಲಿ ಸ್ವಾಮಿ ವಿವೇಕಾನಂದರು ಕೆಲವು ದಿನ ಅಲ್ಲಿ ತಂಗಿದ್ದರಿಂದ ಜನ ಅದನ್ನು ನೋಡಲು ಹೋಗುವುದು ಅವರ ಹೆಸರಿಗಾಗಿ. ನಾನೂ ಹಾಗೆಯೇ ಹೋದೆ. ಆದರೆ ಒಳಗೆ ನಿಂತಾಗ ನನ್ನ ಮನಸ್ಸು ಹೊರಳಿದ್ದು ಮಂಜಿನ ಕಡೆಗೆ. ಹೊರಗೆ ಮರೀನಾದ ಮರಳು ಕಾಲು ಸುಡುತ್ತಿತ್ತು. ಆ ಬಿಸಿಲಿನಲ್ಲಿ ದಡದಿಂದ ಗಡ್ಡೆ ಹೊತ್ತು ತಂದ ಕೂಲಿಗಳಲ್ಲಿ ಎಷ್ಟು ಜನ ಅದರ ಒಂದು ಚೂರನ್ನಾದರೂ ನೀರಿಗೆ ಹಾಕಿ ಕುಡಿದಿದ್ದಾರು? ತಂಪು ಎಂಬುದು ಹೊತ್ತವನಿಗಲ್ಲ, ಕೊಂಡವನಿಗೆ ಎಂಬುದೂ ಈ ಚರಿತ್ರೆಯ ಒಂದು ಭಾಗ. ಮದ್ರಾಸಿನಲ್ಲಿ 1874ರಲ್ಲಿ, ಕಲ್ಕತ್ತೆಯಲ್ಲಿ 1878ರಲ್ಲಿ ಯಂತ್ರದಿಂದ ಮಂಜು ಮಾಡುವ ಕಂಪನಿಗಳು ಹುಟ್ಟಿದ ಮೇಲೆ ಟ್ಯೂಡರನ ವ್ಯಾಪಾರ ಕರಗಿತು.

ಹಾಗಾದರೆ ದೊಡ್ಡ ಪೆಟ್ಟಿಗೆಯೇ ಮೇಲು ಎಂದು ತೀರ್ಮಾನಿಸಬಹುದೆ? ಮಲ್ಪೆಯ ಮೀನುಗಾರರನ್ನು ಕೇಳಿದರೆ ಬೇರೆ ಮಾತು ಹೇಳುತ್ತಾರೆ. ಆಳಸಮುದ್ರಕ್ಕೆ ವಾರ, ಹತ್ತು ದಿನ ಹೋಗುವ ದೋಣಿ ಹೊರಡುವಾಗ ಮಂಜನ್ನು ತುಂಬಿಕೊಳ್ಳುವುದು ಇನ್ನೂ ಬಲೆಗೆ ಬೀಳದ ಮೀನಿನ ಲೆಕ್ಕದಲ್ಲಿ. ನಮ್ಮಂಥ ಬಿಸಿ ಸೀಮೆಯಲ್ಲಿ ಒಂದು ಪಾಲು ಮೀನಿಗೆ ಒಂದು ಪಾಲು ಮಂಜು ಬೇಕೆಂಬುದು ಬಲ್ಲವರ ಅಳತೆ. ಮಂಜು ಕಡಮೆಯಾದರೆ ಹಿಡಿದ ಮೀನು ಗೊಬ್ಬರ. ಹೆಚ್ಚಾದರೆ ಮೀನಿಗೆ ಜಾಗವಿಲ್ಲ. ಒಡಲು ದೊಡ್ಡದಿದ್ದ ಮಾತ್ರಕ್ಕೆ ಏನೂ ಆಗದು. ಅರ್ಧ ಖಾಲಿಯಿರುವ ದೊಡ್ಡ ಪೆಟ್ಟಿಗೆಯೆಂದರೆ ಮಂಜು ತಂಪುಮಾಡುತ್ತಿರುವುದು ನಮ್ಮ ಪದಾರ್ಥವನ್ನಲ್ಲ, ಗಾಳಿಯನ್ನು. ಮುಚ್ಚಳ ತೆಗೆದಾಗಲೆಲ್ಲ ಆ ಗಾಳಿ ಹೊರಗೆ ಹೋಗಿ ಬಿಸಿ ಗಾಳಿ ಒಳಗೆ ಬರುತ್ತದೆ.

ಮನೆಮಂದಿ ಹೊರುವ ಪೆಟ್ಟಿಗೆಯ ಕತೆ ಈಚಿನದು. ಇಲಿನಾಯ್ಸ್‌ನ ರಿಚರ್ಡ್ ಲಾರಮಿ ಕೈಯಲ್ಲಿ ಒಯ್ಯುವ ಮಂಜುಪೆಟ್ಟಿಗೆಗೆ 1951ರಲ್ಲಿ ಅರ್ಜಿ ಹಾಕಿ 1953ರಲ್ಲಿ ಹಕ್ಕು ಪಡೆದ. ಆ ಕಾಲಕ್ಕೇ ಮೊಲದ ಚರ್ಮದ, ಮರದ ಹೊಟ್ಟಿನ ಸ್ಥಾನಕ್ಕೆ ನಾವು ಥರ್ಮೋಕೋಲ್ ಎನ್ನುವ ನೊರೆಯಂಥ ವಸ್ತು ಬಂತು. ಅದರಲ್ಲಿ ನೂರಕ್ಕೆ ತೊಂಬತ್ತೆಂಟು ಪಾಲು ಗಾಳಿಯೇ. ಅದೇ ಗಾಳಿ ಪೆಟ್ಟಿಗೆಯೊಳಗೆ ಓಡಾಡಿದರೆ ಶತ್ರು, ಗೋಡೆಯೊಳಗೆ ಸೆರೆಯಾಗಿದ್ದರೆ ಮಿತ್ರ.

ಇನ್ನು ನಮ್ಮ ಲೆಕ್ಕ. ಒಂದು ಕಿಲೋ ಮಂಜು ಕರಗುವಾಗ ಹೀರುವ ಬಿಸಿ ನಾಲ್ಕು ಲೀಟರ್ ನೀರನ್ನು 28 ಡಿಗ್ರಿಯಿಂದ 8 ಡಿಗ್ರಿಗೆ ಇಳಿಸುವಷ್ಟು. ಹನ್ನೆರಡು ಲೀಟರ್ ನೀರಿನ ಬಾಟಲಿಗಳನ್ನು ಬಿಸಿಯಾಗಿಯೇ ತುರುಕಿದರೆ ಊರಿನ ಗಡಿ ದಾಟುವ ಮೊದಲೇ ಮೂರು ಕಿಲೋ ಮಂಜು ಹೋಯಿತು. ಹಿಂದಿನ ರಾತ್ರಿಯೇ ಅವನ್ನು ತಂಪುಮಾಡಿಟ್ಟರೆ ಪೆಟ್ಟಿಗೆ ಸಣ್ಣದಾದರೂ ನಡೆಯುತ್ತದೆ. ಎರಡು ಮೂರು ದಿನದ ದಾರಿಗೆ ಪೆಟ್ಟಿಗೆಯ ಮೂರರಲ್ಲಿ ಎರಡು ಪಾಲು ಮಂಜು, ಒಂದು ಪಾಲು ಪದಾರ್ಥ ಎಂಬುದು ಅನುಭವಿಗಳ ಮಾತು. ಅದರಂತೆ 60 ಲೀಟರಿನ ಪೆಟ್ಟಿಗೆಗೆ ಗಟ್ಟಿ ಗಡ್ಡೆಯೇ ಹಾಕಿದರೆ ಮೂವತ್ತಾರು ಕಿಲೋದಷ್ಟು ಮಂಜು. ಪದಾರ್ಥವೂ ಸೇರಿದರೆ ಎತ್ತಲು ಇಬ್ಬರು ಬೇಕು. ಮೇಲ್ಮಿತಿ ಗೊತ್ತುಮಾಡುವುದು ಡಿಕ್ಕಿಯಲ್ಲ, ನಮ್ಮ ಸೊಂಟ. ಆದ್ದರಿಂದ ಒಂದು ನೂರು ಲೀಟರಿನದಕ್ಕಿಂತ ಎರಡು ಪೆಟ್ಟಿಗೆ ಲೇಸು: ಮಕ್ಕಳು ಗಳಿಗೆಗೊಮ್ಮೆ ತೆರೆಯುವ ನೀರು, ಹಣ್ಣಿನ ರಸದ್ದು ಒಂದು, ದಿನಕ್ಕೆ ಎರಡೇ ಬಾರಿ ತೆರೆಯುವ ಊಟದ್ದು ಇನ್ನೊಂದು. ದೊಡ್ಡ ಗಡ್ಡೆ ಬಾಳಿಕೆಗೆ, ಪುಡಿಮಂಜು ಬೇಗ ತಂಪಿಗೆ.

ಇಷ್ಟಾದರೂ ನನಗೆ ಎಲ್ಲಕ್ಕಿಂತ ಗೌರವವಿರುವುದು ಇನ್ನೊಂದು ಪೆಟ್ಟಿಗೆಯ ಬಗ್ಗೆ. 1978ರಲ್ಲಿ ಸರ್ಕಾರದ ಲಸಿಕೆ ಕಾರ್ಯಕ್ರಮ ಆರಂಭವಾಗಿ, 1985ರಿಂದ ಅದು ಸಾರ್ವತ್ರಿಕವಾಗತೊಡಗಿದ ಮೇಲೆ, ಆರೋಗ್ಯ ಸಹಾಯಕಿಯರು ಹೆಗಲಿಗೆ ಹಾಕಿಕೊಂಡು ಬಸ್ಸಿಳಿಯುವ ಆ ಪೆಟ್ಟಿಗೆಯನ್ನು ಕಾಣದ ಹಳ್ಳಿಯಿಲ್ಲ. ನಾಲ್ಕು ಐಸ್‌ಪ್ಯಾಕು, ನಡುವೆ ಹದಿನಾರಿಪ್ಪತ್ತು ಸೀಸೆ; ಒಂದು ದಿನದ ಕೆಲಸಕ್ಕೆ ಅಷ್ಟೆ. ಒಳಗಿನ ಶಾಖ 2ರಿಂದ 8 ಡಿಗ್ರಿಯೊಳಗಿರಬೇಕು. ಬಿಸಿಯಾದರೆ ಲಸಿಕೆ ಕೆಡುತ್ತದೆ. ಕೆಲವು ಲಸಿಕೆಗಳು ಹೆಪ್ಪುಗಟ್ಟಿದರೂ ಕೆಡುತ್ತವೆ. ಅದಕ್ಕೇ ಆ ಸಹಾಯಕಿ ಪ್ಯಾಕನ್ನು ಹೊರಗಿಟ್ಟು, ಕಿವಿಯ ಬಳಿ ಅಲುಗಿಸಿ, ಒಳಗೆ ನೀರಿನ ಸದ್ದು ಕೇಳಿದ ಮೇಲೆಯೇ ಪೆಟ್ಟಿಗೆಗೆ ಇಡುತ್ತಾಳೆ. ತಂಪು ಹೆಚ್ಚಾಗುವುದೂ ಅಪಾಯವೆಂದು ಟ್ಯೂಡರನಿಗೆ ತಿಳಿದಿರಬೇಕಾಗಿರಲಿಲ್ಲ, ಇವಳಿಗೆ ತಿಳಿದಿರಲೇಬೇಕು.

ನಮ್ಮ ಮನೆಯಲ್ಲಿ ತಾಯಿಯವರಿಗೆ ಇನ್ಸುಲಿನ್ ಬೇಕು. ಅದೂ ಹೆಪ್ಪುಗಟ್ಟಿದರೆ ಚೆಲ್ಲಬೇಕಾದ ಔಷಧವೇ. ಹೀಗಾಗಿ ನಾವು ಹೊರಡುವಾಗ ಮೊದಲು ಅಣಿಯಾಗುವುದು ಅಂಗೈಯಗಲದ ಒಂದು ಪೆಟ್ಟಿಗೆ. ಸೀಸೆಗೂ ಮಂಜಿಗೂ ನಡುವೆ ಮಡಿಸಿದ ಬಟ್ಟೆ. ಅದು ಅವರ ಮಡಿಲಲ್ಲೇ ಇರುತ್ತದೆ. ಅದರ ಅಳತೆಯ ಬಗ್ಗೆ ಮನೆಯಲ್ಲಿ ಎಂದೂ ಚರ್ಚೆ ನಡೆದಿಲ್ಲ. ಚರ್ಚೆಯೆಲ್ಲ ಹಿಂದೆ ಡಿಕ್ಕಿಯಲ್ಲಿ ಕೂರುವ ಆ ದೊಡ್ಡದರ ಬಗ್ಗೆ, ಅದಿಲ್ಲದಿದ್ದರೂ ಪ್ರಯಾಣ ಸಾಗುತ್ತದೆ.